ದೊಡ್ಡಕಾಲಪ್ಪನ ಕುತ್ತಿಗೆಯ ಮೂಳೆ

ನಾನು ಒಂದು ಪುಸ್ತಕ. ಹುಟ್ಟಿದ್ದು ಗದಗಿನ ಒಂದು ಮುದ್ರಣಾಲಯದಲ್ಲಿ. ಯಂತ್ರದಿಂದ ಹೊರಬಿದ್ದಾಗ ನಾನಿನ್ನೂ ಪುಸ್ತಕವಾಗಿರಲಿಲ್ಲ. ಒಂದು ಹಾಳೆಯಲ್ಲಿ ಬಾಲ, ಇನ್ನೊಂದು ಹಾಳೆಯಲ್ಲಿ ತಲೆ, ಹೀಗೆ ತುಂಡುತುಂಡಾಗಿ ನೆಲದ ಮೇಲೆ ರಾಶಿ ಬಿದ್ದಿದ್ದೆ. ಬೈಂಡಿಂಗ್ ಮಾಡುವ ಹೆಂಗಸರು ನನ್ನನ್ನು ಮಡಚಿ, ಜೋಡಿಸಿ, ದಾರ ಹಾಕಿ ಹೊಲಿದರು. ಅವರಲ್ಲೊಬ್ಬಳು ಮುಖಪುಟ ನೋಡಿ, "ಇದೇನ ಬೇ, ಉಡ ಗುಡ್ಡದಷ್ಟು ಐತಿ!" ಎಂದಳು. ಪಕ್ಕದವಳು ಸೂಜಿ ಬಿಡದೆ, "ಎಲ್ಲಾ ಸತ್ತು ಹೋಗ್ಯಾವಂತ ತಗೋ, ಹೆದರಬ್ಯಾಡ" ಎಂದಳು. ನನ್ನ ಬಗ್ಗೆ ನಾನು ಕೇಳಿದ ಮೊದಲ ಮಾತು ಅದು.

ನನ್ನ ಹೆಸರು ‘ಕಲ್ಲಾದ ಮೂಳೆಗಳು’. ಕಾಲೇಜಿನಲ್ಲಿ ಭೂವಿಜ್ಞಾನ ಕಲಿಸಿ ನಿವೃತ್ತರಾದ ಮೇಷ್ಟ್ರೊಬ್ಬರು ನನ್ನನ್ನು ಬರೆದಿದ್ದರು. ಕೆಸರಿನಲ್ಲಿ ಹೂತ ಮೂಳೆ ಹೇಗೆ ಕಲ್ಲಾಗುತ್ತದೆ, ಗೋದಾವರಿ ಕೊಳ್ಳದಲ್ಲಿ ಸಿಕ್ಕ ರಾಶಿ ಮೂಳೆಗಳಿಂದ ವಿಜ್ಞಾನಿಗಳು ಒಂದು ಮಹಾಪ್ರಾಣಿಯನ್ನು ಹೇಗೆ ಎದ್ದು ನಿಲ್ಲಿಸಿದರು, ಹಣೆಯ ಮೇಲೆ ಕೊಂಬಿದ್ದ ಬೇಟೆಗಾರ ಡೈನೋಸಾರ್ ನರ್ಮದೆಯ ಕಣಿವೆಯಲ್ಲಿ ಹೇಗೆ ಪತ್ತೆಯಾಯಿತು, ಗುಜರಾತಿನಲ್ಲಿ ಸಿಕ್ಕ ಗುಂಡುಕಲ್ಲುಗಳು ಹೇಗೆ ಮೊಟ್ಟೆಗಳೆಂದು ತಿಳಿಯಿತು, ಇದೆಲ್ಲ ನನ್ನೊಳಗಿತ್ತು. ಅಧ್ಯಾಯಕ್ಕೊಂದು ಬಣ್ಣದ ಚಿತ್ರ. ಆ ಚಿತ್ರಗಳಿಂದಾಗಿ ನನಗೆ ಸ್ವಲ್ಪ ಜಂಬವೂ ಇತ್ತು.

ಕೊಪ್ಪಳದ ಬಸ್ ನಿಲ್ದಾಣದ ಅಂಗಡಿಯಲ್ಲಿ ಪಂಚಾಂಗಕ್ಕೂ ಅಡುಗೆ ಪುಸ್ತಕಕ್ಕೂ ನಡುವೆ ನನ್ನನ್ನು ನಿಲ್ಲಿಸಿದರು. ಬಸ್ಸು ತಪ್ಪಿಸಿಕೊಂಡವರು ನನ್ನನ್ನು ತೆರೆಯುತ್ತಿದ್ದರು. ಮುಂದಿನ ಬಸ್ಸು ಬಂದೊಡನೆ ಮುಚ್ಚಿ ಓಡುತ್ತಿದ್ದರು. ಹೀಗೆ ಒಂದು ಬೇಸಿಗೆ ಕಳೆಯಿತು. ಕೊನೆಗೆ ಒಬ್ಬರು ನನ್ನನ್ನು ಓದುತ್ತಾ ನಿಂತು ತಮ್ಮ ಬಸ್ಸನ್ನೇ ತಪ್ಪಿಸಿಕೊಂಡರು. ಅವರೇ ನದಾಫ ಮೇಷ್ಟ್ರು, ಪೂರ್ತಿ ಹೆಸರು ಇಮಾಮಸಾಬ ನದಾಫ. ತಾಲ್ಲೂಕು ಊರೊಂದರ ಅಂಧ ಮಕ್ಕಳ ವಸತಿ ಶಾಲೆಯಲ್ಲಿ ಕಲಿಸುತ್ತಿದ್ದವರು. ಅವರಿಗೆ ಕಣ್ಣು ಕಾಣುತ್ತಿತ್ತು. ಅವರ ತರಗತಿಯ ಮಕ್ಕಳಿಗೆ ಕಾಣುತ್ತಿರಲಿಲ್ಲ.

ಮಾರನೆಯ ದಿನವೇ ಮೇಷ್ಟ್ರು ಏಳನೆಯ ತರಗತಿಯಲ್ಲಿ ನನ್ನನ್ನು ಓದಿದರು. ಅವರ ದನಿ ದೊಡ್ಡದು, ಓದುವ ರೀತಿಯೂ ಚಂದ. ಗೋದಾವರಿ ಕೊಳ್ಳದ ಪ್ರಾಣಿಗೆ ವಿಜ್ಞಾನಿಗಳು ಬಂಗಾಳಿಯಲ್ಲಿ ‘ದೊಡ್ಡ ಕಾಲು’ ಎಂಬ ಅರ್ಥ ಬರುವಂತೆ ಬಾರಾಪಾಸಾರಸ್ ಎಂದು ಹೆಸರಿಟ್ಟರು ಎಂದು ಓದಿದಾಗ, ಹಿಂದಿನ ಸಾಲಿನಿಂದ ಯಾರೋ "ದೊಡ್ಡಕಾಲಪ್ಪ!" ಎಂದು ಕೂಗಿದರು. ಆವತ್ತಿನಿಂದ ಅದರ ಹೆಸರು ಅದೇ ಆಯಿತು. ಆದರೆ ನಗು ನಿಂತಮೇಲೆ ಪ್ರಶ್ನೆಗಳು ಶುರುವಾದವು. ಕುತ್ತಿಗೆ ಎಲ್ಲಿ ಮುಗಿಯಿತು? ಹೊಟ್ಟೆ ನೆಲಕ್ಕೆ ತಾಗುತ್ತಿತ್ತೇ? ಚರ್ಮ ಎಮ್ಮೆಯ ಹಾಗೋ ಮೀನಿನ ಹಾಗೋ? ಮೇಷ್ಟ್ರು ಮೈದಾನದಲ್ಲಿ ಒಂದು ಬಸ್ಸಿಗಿಂತ ಉದ್ದದ ಹಗ್ಗ ಎಳೆದು, ಮಕ್ಕಳನ್ನು ಈ ತುದಿಯಿಂದ ಆ ತುದಿಗೆ ನಡೆಸಿದರು. ಎಲ್ಲರೂ "ಅಬ್ಬಾ" ಎಂದರು. ನಾಗವೇಣಿ ಎಂಬ ಹುಡುಗಿ ಮಾತ್ರ ಹಗ್ಗದ ತುದಿ ಹಿಡಿದುಕೊಂಡೇ ನಿಂತಿದ್ದಳು. ಹುಟ್ಟಿನಿಂದಲೇ ಕಣ್ಣಿಲ್ಲದವಳು, ಒಂದು ಮಾತು ಹಿಡಿದರೆ ಬಿಡುವ ಜಾತಿಯಲ್ಲ.

"ಸರ, ಉದ್ದ ಗೊತ್ತಾತು. ಆದ್ರ ಹಗ್ಗನ ಡೈನೋಸಾರ್ ಅಲ್ಲಲ್ರಿ."

ಮೇಷ್ಟ್ರು ಹಗ್ಗ ಸುತ್ತಿ ಎತ್ತಿಕೊಂಡರು.

ಅದೇ ವಾರ ಅವಳು, ನನ್ನನ್ನು ಕೈಯಲ್ಲಿ ಹಿಡಿದಿದ್ದ ಮೇಷ್ಟ್ರ ಜೊತೆ, ಮುಖ್ಯೋಪಾಧ್ಯಾಯಿನಿ ಕುಲಕರ್ಣಿ ಬಾಯಿಯವರ ಕೋಣೆಗೆ ಹೋಗಿ ತನಗೆ ಹೈಸ್ಕೂಲಿನಲ್ಲಿ ವಿಜ್ಞಾನ ಬೇಕು ಎಂದಳು. ಆ ಶಾಲೆಯಲ್ಲಿ ಎಂಟನೆಯ ತರಗತಿಯಿಂದ ವಿಜ್ಞಾನದ ಬದಲು ಬೇರೆ ವಿಷಯ ಕೊಡುವುದು ರೂಢಿ. ಬಾಯಿಯವರು ಕೆಟ್ಟವರೇನಲ್ಲ. ಹುಡುಗಿಯನ್ನು ಹತ್ತಿರ ಕೂರಿಸಿಕೊಂಡು, "ಅದು ನೋಡಿ ಕಲಿಯೋ ವಿಷಯ ನನ್ನವ್ವ. ನಿಮಗ ತ್ರಾಸ ಆಗಬಾರದು ಅಂತನ ಬಿಟ್ಟೀವಿ" ಎಂದರು.

"ಬಿಟ್ಟಿದ್ದಕ್ಕನ ತ್ರಾಸ ಆಗೇತ್ರಿ" ಎಂದಳು ನಾಗವೇಣಿ.

ಬಾಯಿಯವರು ಕನ್ನಡಕ ತೆಗೆದು ಮೇಷ್ಟ್ರ ಕಡೆ ನೋಡಿದರು. "ನದಾಫ ಸರ್, ಕಣ್ಣಿಲ್ಲದ ಮಕ್ಕಳಿಗೆ ಹೆಂಗ ಕಲಿಸ್ತೀರಿ ಅಂತ ಇಲಾಖೆಯವರು ಕೇಳಿದ್ರ ನನ್ನ ಕಡೆ ಉತ್ತರ ಇಲ್ಲ. ಡಿಸೆಂಬರಿನಾಗ ಸಾಹೇಬ್ರು ಬರ್ತಾರ. ನಿಮ್ಮ ಕಡೆ ಇದ್ರ ತೋರಸ್ರಿ."

ಮೇಷ್ಟ್ರು ನನ್ನನ್ನು ಬಟ್ಟೆಯ ಚೀಲದಲ್ಲಿ ಹಾಕಿಕೊಂಡು, ಮಕ್ಕಳು ಮುಟ್ಟಿ ನೋಡುವಂಥ ದೊಡ್ಡಕಾಲಪ್ಪನನ್ನು ಮಾಡಿಸಲು ಕಿನ್ನಾಳಕ್ಕೆ ಹೊರಟರು.

ಕಿನ್ನಾಳ ಬಣ್ಣದ ಗೊಂಬೆಗಳ ಊರು. ಹಗುರ ಮರದಲ್ಲಿ ಕೆತ್ತಿ, ಮೇಲೆ ಲೇಪ ಹಚ್ಚಿ, ಬಣ್ಣ ಕೊಟ್ಟು ದೇವರುಗಳನ್ನು, ಪ್ರಾಣಿಪಕ್ಷಿಗಳನ್ನು ಮಾಡುವ ಚಿತ್ರಗಾರರ ಮನೆಗಳು ಅಲ್ಲಿವೆ. ಮೇಷ್ಟ್ರು ಹೋದ ಮನೆಗಳಲ್ಲೆಲ್ಲ ಹಬ್ಬದ ಕೆಲಸ ತುಂಬಿತ್ತು. ಕೆಲವರು ನಕ್ಕು ಕಳಿಸಿದರು, ಕೆಲವರು ಚಹಾ ಕೊಟ್ಟು ಕಳಿಸಿದರು. ಓಣಿಯ ಕೊನೆಯ ಮನೆಯಲ್ಲಿ ಕಿಷ್ಟಪ್ಪ ಚಿತ್ರಗಾರ ಎಂಬ ಮುದುಕ ಗರುಡನ ರೆಕ್ಕೆ ಕೆತ್ತುತ್ತ ಕೂತಿದ್ದ. ನನ್ನ ಚಿತ್ರಗಳನ್ನು ತಿರುವಿ ನೋಡಿ, "ಇದು ದೇವರನ್ನ ಮಾಡಿದ ಕೈ ಸರ. ಹೆಸರು ಹೇಳಾಕ ಬಾರದ ಪ್ರಾಣಿ ಮಾಡಾಂಗಿಲ್ಲ" ಎಂದು ಮತ್ತೆ ಉಳಿ ಎತ್ತಿಕೊಂಡ.

ಒಳಗೆ ಹುಣಸೆ ಬೀಜ ಅರೆಯುತ್ತಿದ್ದ ಸದ್ದು ನಿಂತಿತು. ಅವನ ಸೊಸೆ ರುಕ್ಮವ್ವ ಸೆರಗಿಗೆ ಕೈ ಒರೆಸಿಕೊಳ್ಳುತ್ತ ಬಾಗಿಲಿಗೆ ಬಂದಳು. ನಲವತ್ತರ ಹತ್ತಿರದ ಹೆಂಗಸು, ತೆಳ್ಳಗೆ, ಉದ್ದ ಬೆರಳುಗಳು. ಗಂಡ ಲಾರಿ ಓಡಿಸುತ್ತ ಹೆಚ್ಚು ದಿನ ಹೊರಗೇ ಇರುತ್ತಿದ್ದ. ಆ ಮನೆಯಲ್ಲಿ ಕೆತ್ತುವುದು ಗಂಡಸರ ಕೆಲಸ. ಅಂಟು ಅರೆಯುವುದು, ಲೇಪ ಹಚ್ಚುವುದು, ಬಣ್ಣ ತುಂಬುವುದು ಹೆಂಗಸರದು. ಮದುವೆಯಾಗಿ ಬಂದ ದಿನದಿಂದ ರುಕ್ಮವ್ವ ಬೇರೆಯವರು ಕೆತ್ತಿಕೊಟ್ಟದ್ದಕ್ಕೇ ಬಣ್ಣ ಹಚ್ಚಿದ್ದಳು.

"ಪುಸ್ತಕ ಇಟ್ಟು ಹೋಗ್ರಿ ಸರ. ನಾ ಮಾಡ್ತೀನಿ."

ಕಿಷ್ಟಪ್ಪ ತಲೆ ಎತ್ತಿದ. "ಯಾರು ಕೆತ್ತಾವ್ರು?"

"ನಾನ ರೀ ಮಾವಾರ."

"ಶಾಸ್ತ್ರ ಗೊತ್ತೈತೇನು ನಿನಗ?"

"ಇದಕ್ಕ ಶಾಸ್ತ್ರನ ಇಲ್ಲಲ್ರಿ. ಹೆಣ್ಣಮಕ್ಕಳು ಮಾಡಬಾರದು ಅಂತ ಎಲ್ಲೂ ಬರದಿಲ್ಲ."

ಮುದುಕ ಉಳಿಯನ್ನು ಕೆಳಗಿಟ್ಟ. ಎಲೆಯಡಿಕೆಯ ಚೀಲ ಹುಡುಕತೊಡಗಿದ. ಆ ನಡುವೆ ಅವಳು ನನ್ನನ್ನು ಎತ್ತಿಕೊಂಡು ಒಳಗೆ ಹೋಗಿಬಿಟ್ಟಳು.

ಅಡುಗೆಮನೆಯ ಗೋಡೆಯ ಗೂಡಿನಲ್ಲಿ ಉಪ್ಪಿನ ಮರಿಗೆಯ ಪಕ್ಕ ನನಗೆ ಜಾಗ ಸಿಕ್ಕಿತು. ರುಕ್ಮವ್ವ ಏಳನೆಯವರೆಗೆ ಓದಿದ್ದಳು. ಈಗ ತುಟಿ ಅಲ್ಲಾಡಿಸುತ್ತ, ಅಕ್ಷರದ ಕೆಳಗೆ ಬೆರಳಿಟ್ಟು ಓದುತ್ತಿದ್ದಳು. ಕೆಲಸ ಮಾಡುವಾಗ ತನ್ನಷ್ಟಕ್ಕೆ ಮಾತಾಡಿಕೊಳ್ಳುವುದು ಅವಳ ಅಭ್ಯಾಸ, ಹಾಗಾಗಿ ಅವಳ ಮನಸ್ಸಿನಲ್ಲಿರುವುದು ನನಗೆ ತಿಳಿಯುತ್ತಿತ್ತು. "ಎಷ್ಟು ವರ್ಷ ಆತು, ಒಂದು ಕಟ್ಟಿಗಿ ತುಂಡು ನನ್ನ ಕೈಯಾಗ ಏನೂ ಆಗದ ಬಂದಿದ್ದಿಲ್ಲ" ಎಂದು ಒಮ್ಮೆ ಹೇಳಿದಳು. ಅದಕ್ಕೆ ಮುಂಚೆ ಪ್ರತಿ ತುಂಡೂ ರಾಮನೋ ಗಿಳಿಯೋ ಆಗಿಯೇ ಅವಳ ಕೈಗೆ ಬರುತ್ತಿತ್ತು.

ಅವಳ ಮೊದಲ ದೊಡ್ಡಕಾಲಪ್ಪ ನೋಡಲು ಬಹಳ ಚಂದ ಇತ್ತು. ನನ್ನ ಚಿತ್ರದಲ್ಲಿದ್ದುದಕ್ಕಿಂತ ಚಂದ. ಗಿಳಿಹಸಿರು ಮೈ, ಹಳದಿ ಚುಕ್ಕೆ, ಕಾಡಿಗೆ ತೀಡಿದ ಕಣ್ಣು, ಹಂಸದ ಹಾಗೆ ಬಳುಕುವ ಸಣ್ಣ ಕುತ್ತಿಗೆ. ಹಳೆಯ ಸೀರೆಯಲ್ಲಿ ಸುತ್ತಿ, ನನ್ನನ್ನೂ ಜೊತೆಗಿಟ್ಟುಕೊಂಡು, ಬಸ್ಸಿನಲ್ಲಿ ತೊಡೆಯ ಮೇಲೆ ಹೊತ್ತು ಶಾಲೆಗೆ ತಂದಳು.

ಮೊದಲು ಮುಟ್ಟಿದ ಹುಡುಗ "ಒಂಟೆ" ಎಂದ. ಎರಡನೆಯವನು "ಬಾತುಕೋಳಿ" ಎಂದ. ಮೂರನೆಯವಳು ನಾಗವೇಣಿ. ಅವಳು ಕುತ್ತಿಗೆಯನ್ನು ಹಿಡಿದು ತಲೆ ಎಲ್ಲಿದೆ ಎಂದು ಹುಡುಕುವಷ್ಟರಲ್ಲಿ ಲಟಕ್ಕೆಂದು ಸದ್ದಾಯಿತು. ಅವಳ ಒಂದು ಕೈಯಲ್ಲಿ ತಲೆ, ಇನ್ನೊಂದರಲ್ಲಿ ಮೈ.

"ಸತ್ತು ಹೋತ್ರಿ ಮತ್ತ" ಎಂದಳು.

ತರಗತಿಯೆಲ್ಲ ನಕ್ಕಿತು. ರುಕ್ಮವ್ವನ ಮುಖ ಕೆಂಪಾಯಿತು. ನದಾಫ ಮೇಷ್ಟ್ರು ಸಮಾಧಾನ ಹೇಳಲು ಮುಂದೆ ಬಂದರು. ಎದ್ದು ಹೋಗುತ್ತಾಳೆ ಎಂದೇ ನಾನೂ ಅಂದುಕೊಂಡೆ. ಅವಳು ಹೋಗಲಿಲ್ಲ. ಮಕ್ಕಳ ನಡುವೆ ನೆಲದ ಮೇಲೆ ಚಕ್ಕಳಮಕ್ಕಳ ಹಾಕಿ ಕೂತಳು.

"ನಿನ್ನ ಹೆಸರೇನವ್ವ?"

"ನಾಗವೇಣಿ ರೀ ಅಕ್ಕ. ಬೇಕಂತ ಮುರೀಲಿಲ್ರಿ."

"ಗೊತ್ತೈತಿ. ತಪ್ಪು ನಂದು, ನೋಡೋರಿಗೆ ಅಂತ ಮಾಡಿದ್ನಿ. ನೀವು ಹೆಂಗ ನೋಡ್ತೀರಿ, ನನಗ ಕಲಸು."

ಸೆರಗಿನಿಂದ ತನ್ನ ಕಣ್ಣು ಕಟ್ಟಿಕೊಂಡಳು. ಮಕ್ಕಳಿಗೆ ಅದಕ್ಕಿಂತ ದೊಡ್ಡ ಆಟ ಬೇಕೇ? ಒಬ್ಬೊಬ್ಬರಾಗಿ ಅವಳ ಕೈಗೆ ಏನೇನೋ ಕೊಟ್ಟರು. ಲೋಟ, ಬೀಗ, ಹರಿದ ಚೆಂಡು, ಅಡುಗೆಮನೆಯ ಸೌಟು. ಅವಳು ಅರ್ಧಕ್ಕರ್ಧ ತಪ್ಪು ಹೇಳಿದಳು. ನಾಗವೇಣಿ ಅವಳ ಬೆರಳುಗಳ ಮೇಲೆ ತನ್ನ ಬೆರಳಿಟ್ಟು ನಡೆಸಿದಳು. "ತಲಿ ಮೊದಲ ಹುಡುಕಬ್ಯಾಡ್ರಿ. ಕಾಲಿಂದ ಬರ್ರಿ. ಪೂರಾ ಒಂದ್ಸಲ ಅಪ್ಪಿಕೊಂಡು ನೋಡ್ರಿ, ಆಮ್ಯಾಲೆ ಸಣ್ಣದು." ಮಧ್ಯಾಹ್ನದ ಊಟದ ಗಂಟೆ ಹೊಡೆಯುವ ಹೊತ್ತಿಗೆ ರುಕ್ಮವ್ವ ಬೀಗಕ್ಕೂ ಬೀಗದ ಕೈಗೂ ಜೋಡಿ ಹುಡುಕುವಷ್ಟು ಕಲಿತಿದ್ದಳು.

ಕಣ್ಣಿನ ಕಟ್ಟು ಬಿಚ್ಚುವಾಗ ನಾಗವೇಣಿ ಕೇಳಿದಳು: "ಅಕ್ಕ, ನೀವು ಡೈನೋಸಾರ್ ನೋಡೀರೇನ್ರಿ?"

"ನಾ ಚಿತ್ರ ನೋಡೀನವ್ವ."

"ಚಿತ್ರ ಬರದೋರು ನೋಡಿದ್ರೇನು?"

ರುಕ್ಮವ್ವ ಮೇಷ್ಟ್ರ ಮುಖ ನೋಡಿದಳು. ಮೇಷ್ಟ್ರು ನನ್ನನ್ನು ಸುಮ್ಮನೆ ಒಂದು ಸಲ ತಿರುವಿಹಾಕಿದರು. "ಇಲ್ಲ. ಯಾರೂ ನೋಡಿಲ್ಲ. ಮೂಳಿ ಸಿಕ್ಕಾವ. ಅವನ್ನ ಮುಟ್ಟಿ, ಅಳದು, ಒಂದಕ್ಕೊಂದು ಕೂಡಿಸಿ, ಹಿಂಗಿದ್ದಿರಬೇಕು ಅಂತ ಬರದಾರ."

"ಹಂಗಾದ್ರ ಅವರೂ ನಮ್ಮಂಗನ ತಿಳಕೊಂಡಾರ" ಎಂದಳು ನಾಗವೇಣಿ.

ನನ್ನ ಚಿತ್ರಗಳ ಬಗ್ಗೆ ನನಗಿದ್ದ ಜಂಬ ಆ ಹೊತ್ತಿಗೆ ಇಳಿಯಿತು. ರುಕ್ಮವ್ವ ಮಾತ್ರ ಹುಡುಗಿಯನ್ನೇ ನೋಡುತ್ತಿದ್ದಳು. ಹೊರಡುವಾಗ ಮುರಿದ ಗೊಂಬೆಯನ್ನು ಅಲ್ಲೇ ಬಿಟ್ಟು, "ಇದು ಆಡಾಕ ಇಟ್ಕೋರಿ. ಖರೇದ್ದು ತರ್ತೀನಿ" ಎಂದಳು.

ಊರಿಗೆ ಮರಳಿದ ಮೇಲೆ ಬಣ್ಣದ ಡಬ್ಬಿಗಳನ್ನು ಅಟ್ಟಕ್ಕೆ ಹಾಕಿದಳು. ಈ ಸಲದ ದೊಡ್ಡಕಾಲಪ್ಪನ ಕಾಲು ಕಂಬದ ಹಾಗೆ ದಪ್ಪ. ಕುತ್ತಿಗೆ ಮಕ್ಕಳು ಹಿಡಿದು ಜೋತಾಡಿದರೂ ಮುರಿಯದಷ್ಟು ಗಟ್ಟಿ. ದೇವರ ಒಡವೆಗಳನ್ನು ಉಬ್ಬಿಸಿ ಬರೆಯಲು ಅವರ ಮನೆಯಲ್ಲಿ ಕಲ್ಲಿನ ನುಣ್ಣನೆ ಪುಡಿಯನ್ನು ಅಂಟಿನಲ್ಲಿ ಕಲಸಿ ಒಂದು ಲೇಪ ಮಾಡುತ್ತಾರೆ. ಅದನ್ನು ಕುಂಚದ ತುದಿಯಿಂದ ಹನಿಹನಿಯಾಗಿ ಇಟ್ಟು ಮೈ ತುಂಬ ಒರಟು ಚರ್ಮ ಮಾಡಿದಳು. ಲಕ್ಷ್ಮಿಯ ಸರಕ್ಕೆ ಇಡುವ ಹನಿಗಳನ್ನು ಹಲ್ಲಿಯ ಬೆನ್ನಿಗೆ ಇಡುತ್ತಿದ್ದಾಳೆ ಎಂಬ ಸುದ್ದಿ ಓಣಿಯೆಲ್ಲ ಹಬ್ಬಿತು. ನೀರಿಗೆ ಹೋದರೆ ಹೆಂಗಸರು ಬಾಯಿಗೆ ಸೆರಗು ಇಟ್ಟುಕೊಂಡು ನಗುತ್ತಿದ್ದರು. ಯಾರೋ ‘ಹಲ್ಲಿ ರುಕ್ಮವ್ವ’ ಎಂದು ಹೆಸರಿಟ್ಟರು. ಅವಳು ಮನೆಗೆ ಬಂದು ಕೊಡ ಇಳಿಸಿ, "ಹಲ್ಲಿ ಅಂದ್ರ ಅನ್ನಲಿ. ಹಲ್ಲಿ ಅಲ್ಲ ಅಂತ ಪುಸ್ತಕದಾಗೂ ಬರದೈತಿ" ಎಂದು ನನ್ನ ಕಡೆ ನೋಡಿ ಕೆಲಸಕ್ಕೆ ಕೂತಳು.

ನರ್ಮದೆಯ ಬೇಟೆಗಾರ ಅವಳನ್ನು ಸೋಲಿಸತೊಡಗಿದ. ಅದು ಎರಡು ಕಾಲಿನ ಪ್ರಾಣಿ. ದೊಡ್ಡ ತಲೆ, ಹಣೆಯ ಮೇಲೆ ಕೊಂಬು. ನಿಲ್ಲಿಸಿದರೆ ಮೂಗು ಕೆಳಗಾಗಿ ದಬ್ಬೆಂದು ಬೀಳುತ್ತಿತ್ತು. ಪಾದ ಅಗಲ ಮಾಡಿದಳು, ಬಿತ್ತು. ಕಾಲು ಗಿಡ್ಡ ಮಾಡಿದಳು, ಬಿತ್ತು. ಅದರ ಬುಡಕ್ಕೊಂದು ಹಲಗೆ ಹೊಡೆಯಬಹುದಿತ್ತು. "ಹಲಗಿ ಮ್ಯಾಲೆ ನಿಂತು ಬೇಟಿ ಆಡ್ತಿತ್ತೇನು?" ಎಂದು ತಾನೇ ಬೇಡವೆಂದಳು. ಇಡೀ ವಾರ ಆ ಮನೆಯಲ್ಲಿ ದಬ್ ದಬ್ ಸದ್ದು. ಅಷ್ಟು ದಿನವೂ ಕಿಷ್ಟಪ್ಪ ಸೊಸೆಯ ಜೊತೆ ಮಾತು ಬಿಟ್ಟಿದ್ದ. ಊಟ ಬಡಿಸಿದರೆ ಉಣ್ಣುತ್ತಿದ್ದ, ನನ್ನ ಕಡೆ ಕಣ್ಣೆತ್ತಿಯೂ ನೋಡುತ್ತಿರಲಿಲ್ಲ. ಕೊನೆಗೊಂದು ಸಂಜೆ ರೊಟ್ಟಿ ಮುರಿಯುತ್ತಿದ್ದವನು ಮತ್ತೆ ಆ ಸದ್ದು ಕೇಳಿ ತಟ್ಟೆ ಸರಿಸಿದ.

"ನನ್ನ ಮನ್ಯಾಗ ಹುಟ್ಟಿದ್ದು ಒಂದೂ ಹಿಂಗ ಬಿದ್ದಿಲ್ಲ. ತಾ ಇಲ್ಲೆ."

ಅವಳು ತಂದುಕೊಟ್ಟಳು. ಮುದುಕ ಅದನ್ನು ಸೊಂಟದ ಹತ್ತಿರ ಒಂದು ಬೆರಳಿನ ಮೇಲೆ ತೂಗಿ ನೋಡಿದ.

"ಬಾಲ ಯಾಕ ಇಷ್ಟು ತೆಳ್ಳಗ? ಮುಂದ ಇಷ್ಟು ದೊಡ್ಡ ತಲಿ ಇಟ್ಟು ಹಿಂದ ದಾರ ಕಟ್ಟಿದ್ರ ಬೀಳದ ಏನ ಮಾಡ್ತದ? ಪುಸ್ತಕದಾಗ ಬಾಲ ಹೆಂಗೈತಿ?"

ಆ ರಾತ್ರಿಯ ಊಟ ಅಷ್ಟಕ್ಕೇ ನಿಂತಿತು. ಮಾವ, ಸೊಸೆ ನನ್ನನ್ನು ನಡುವೆ ಹಾಕಿಕೊಂಡು ಕೂತರು. ಡೈನೋಸಾರ್ ತನ್ನ ಭಾರವಾದ ಬಾಲವನ್ನು ನೆಲಕ್ಕೆ ತಾಗಿಸದೆ ಹಿಂದಕ್ಕೆ ಚಾಚಿ ಮೈಯನ್ನು ತೂಗಿಸಿಕೊಳ್ಳುತ್ತಿತ್ತು ಎಂದು ನನ್ನಲ್ಲಿ ಬರೆದಿತ್ತು. ರುಕ್ಮವ್ವ ಅದನ್ನು ಓದಿಹೇಳಿದಾಗ ಕಿಷ್ಟಪ್ಪ, "ಮತ್ತ? ನಾ ಏನ ಹೇಳಿದ್ನಿ?" ಎಂದು ಮೀಸೆ ಸವರಿಕೊಂಡ. ದಪ್ಪ ಬಾಲ ಬಂದ ಮೇಲೆ ಪ್ರಾಣಿ ನಿಂತಿತು. ನೆಲ ಗುದ್ದಿದರೂ ಬೀಳಲಿಲ್ಲ. ಮುದುಕ ಅದನ್ನು ನಾಲ್ಕೂ ಕಡೆಯಿಂದ ನೋಡಿ, "ಲಕ್ಷಣ ಐತಿ ಮಗಂದು" ಎಂದ. ಅವನ ಬಾಯಲ್ಲಿ ಅದು ದೊಡ್ಡ ಮಾತು.

ಹೊಸ ಪ್ರಾಣಿಗಳು ಶಾಲೆಗೆ ಹೋದವು. ಮಕ್ಕಳು ಕಾಲಿನಿಂದ ಶುರುಮಾಡಿ, ಅಪ್ಪಿಕೊಂಡು, ಬೆನ್ನಿನ ಹನಿಗಳನ್ನು ಉಗುರಿನಿಂದ ಕೆರೆದು ನೋಡಿದರು. ಒಂಟೆ ಎಂದು ಯಾರೂ ಹೇಳಲಿಲ್ಲ. ನದಾಫ ಮೇಷ್ಟ್ರ ಕಣ್ಣಲ್ಲಿ ನೀರು ಬಂತು. ಇಷ್ಟು ಸಾಕು, ಸಾಹೇಬರಿಗೆ ತೋರಿಸಬಹುದು ಎಂದರು.

ನಾಗವೇಣಿಗೆ ಸಾಕಾಗಲಿಲ್ಲ.

"ಅಕ್ಕ, ನೆಲದಾಗ ಸಿಕ್ಕಾಗ ಹಿಂಗ ಇಡೀ ಪ್ರಾಣಿನ ಸಿಗ್ತಾವೇನ್ರಿ?"

"ಇಲ್ಲ. ಮೂಳಿ ಸಿಗ್ತಾವ. ಅದೂ ಚೆಲ್ಲಾಪಿಲ್ಲಿ."

"ಹಂಗಾದ್ರ ನಂಗ ಮೂಳಿ ಕೊಡ್ರಿ. ನಾನ ಕೂಡಸ್ತೀನಿ."

ಮೇಷ್ಟ್ರು ಅಂಜಿದರು. ಡಿಸೆಂಬರ್ ದೂರವಿರಲಿಲ್ಲ. ಮೂಳೆಯೆಂದರೆ ಒಂದೆರಡಲ್ಲ. ರುಕ್ಮವ್ವ ನನ್ನಲ್ಲಿದ್ದ ಅಸ್ಥಿಪಂಜರದ ಚಿತ್ರವನ್ನು ಬಹಳ ಹೊತ್ತು ನೋಡಿದಳು. "ಮಾಡಬೇಕಂದ್ರ ಮಾಡಬೇಕು" ಎಂದಳು. ಅಷ್ಟೇ.

ಮುಂದಿನ ಎರಡು ತಿಂಗಳಲ್ಲಿ ನನಗೆ ಆದ ಗಾಯಗಳು ಇವತ್ತಿಗೂ ಮೈಮೇಲಿವೆ. ಅಸ್ಥಿಪಂಜರದ ಪುಟ ಅಂಟಿನ ಕೈಯಲ್ಲಿ ತಿರುವಿ ತಿರುವಿ ಹೊಲಿಗೆ ಬಿಟ್ಟುಬಂತು. ಹುಣಸೆ ಬೀಜದ ವಾಸನೆಗೆ ಇಲಿ ಬಂದು ನನ್ನ ಮೂಲೆ ತಿಂದಿತು. ಬೆನ್ನುಮೂಳೆಯ ಮಣಿಗಳನ್ನು ಅವಳು ಒಂದೊಂದನ್ನೂ ಬೇರೆಬೇರೆ ಅಳತೆಯಲ್ಲಿ ಕೆತ್ತಿದಳು. ಒಂದರ ಉಬ್ಬು ಪಕ್ಕದ್ದರ ಗುಳಿಯಲ್ಲಿ ಮಾತ್ರ ಕೂಡಬೇಕು, ಬೇರೆಯದರಲ್ಲಿ ಕೂಡಬಾರದು. ಸೆರಗು ಕಣ್ಣಿಗೆ ಕಟ್ಟಿಕೊಂಡು ತಾನೇ ಜೋಡಿಸಿ ನೋಡುವಳು. ಎಲ್ಲಿ ಬೆರಳು ಎಡವಿತೋ ಅದನ್ನು ಮತ್ತೆ ತಿದ್ದುವಳು. ಕಿಷ್ಟಪ್ಪ ತೊಡೆಮೂಳೆಗಳನ್ನು ತಾನು ಮಾಡುತ್ತೇನೆಂದು ಕಸಿದುಕೊಂಡ. ಒಂದು ಅಧ್ಯಾಯದಲ್ಲಿ ದೊಡ್ಡಕಾಲಪ್ಪನ ತಲೆಬುರುಡೆ ಇನ್ನೂ ಸಿಕ್ಕಿಲ್ಲ, ಹಲ್ಲುಗಳಷ್ಟೇ ಸಿಕ್ಕಿವೆ ಎಂದಿತ್ತು. ಅದನ್ನು ಓದಿ ಅವಳು ತಲೆ ಮಾಡುವುದನ್ನು ಕೈಬಿಟ್ಟಳು. "ಸಿಗದಿದ್ದದ್ದು ನಾ ಯಾಕ ಕೊಡಲಿ? ಹಲ್ಲಷ್ಟ ಕೊಡ್ತೀನಿ" ಎಂದಳು.

ಸಾಹೇಬರು ಬರುವ ಮುಂಚಿನ ಸಂಜೆ ಶಾಲೆಯ ಅಂಗಳದಲ್ಲಿ ಮರಳು ಸುರಿದು, ಮೂಳೆಗಳನ್ನೆಲ್ಲ ಅದರಲ್ಲಿ ಹೂತರು. ಬೆಳಗ್ಗೆ ಕುರ್ಚಿ ಹಾಕಿದರು. ನನ್ನನ್ನು ಪಡಸಾಲೆಯ ಮೇಜಿನ ಮೇಲೆ ಇಟ್ಟಿದ್ದರಿಂದ ನಡೆದದ್ದೆಲ್ಲ ನನಗೆ ಕಂಡಿತು. ಸಾಹೇಬರು ಸಣಕಲು ಮನುಷ್ಯ, ಅವಸರದವರು. ಇನ್ನೂ ಎರಡು ಶಾಲೆಗೆ ಹೋಗುವುದಿದೆ ಎಂದು ಕೂರುವ ಮುಂಚೆಯೇ ಹೇಳಿದರು.

ಮಕ್ಕಳು ಮರಳಿನಲ್ಲಿ ಇಳಿದರು. ಗದ್ದಲವೋ ಗದ್ದಲ. "ಕಾಲು ಸಿಕ್ತು!" "ಅದು ಕಾಲಲ್ಲೋ, ಪಕ್ಕೆಲಬು!" "ಒದರಬ್ಯಾಡ್ರಿ, ಬಿರಸಿನಿಂದ ಜಗ್ಗಬ್ಯಾಡ್ರಿ!" ಹುಡುಕಿದ್ದನ್ನೆಲ್ಲ ಜಮಖಾನೆಯ ಮೇಲೆ ಕೂತಿದ್ದ ನಾಗವೇಣಿಯ ಮುಂದೆ ತಂದಿಟ್ಟರು. ಅವಳು ಒಂದೊಂದನ್ನೂ ಕೈಯಲ್ಲಿ ಹೊರಳಿಸಿ ಸಾಲು ಹಿಡಿದಳು. ಬಾಲ ಆಯಿತು, ಸೊಂಟ ಆಯಿತು, ಬೆನ್ನು ಆಯಿತು. ಸಾಹೇಬರು ಕುರ್ಚಿಯ ಅಂಚಿಗೆ ಬಂದರು. ಕುತ್ತಿಗೆಯ ನಡುವೆ ಬಂದು ಅವಳ ಕೈ ನಿಂತಿತು.

ಎರಡು ಮಣಿಗಳನ್ನು ಒತ್ತಿ ನೋಡಿದಳು. ತಿರುಗಿಸಿ ಒತ್ತಿದಳು. "ಇಲ್ಲೊಂದು ಇಲ್ರಿ" ಎಂದಳು.

ರುಕ್ಮವ್ವನೂ ಮೇಷ್ಟ್ರೂ ಮರಳಿಗಿಳಿದು ಮೊಣಕೈವರೆಗೆ ತಡಕಾಡಿದರು. ಮೂಳೆ ಇಲ್ಲ. (ವಾರದ ಮೇಲೆ ಅದು ಅಡುಗೆಮನೆಯ ಹಿಂದೆ ಸಿಕ್ಕಿತು. ಶಾಲೆಯ ನಾಯಿ ಮರಳು ಕೆದರಿ, ಹೊತ್ತೊಯ್ದು, ರುಚಿ ನೋಡಿ ಬಿಟ್ಟಿತ್ತು. ದೊಡ್ಡಕಾಲಪ್ಪನ ಕಾಲದಲ್ಲೂ ಹಾಗೆಯೇ ಎಷ್ಟೋ ಮೂಳೆಗಳು ಹೋಗಿರಬೇಕು ಎಂದು ಮೇಷ್ಟ್ರು ಅದನ್ನೂ ಪಾಠ ಮಾಡಿದರು.) ಕುಲಕರ್ಣಿ ಬಾಯಿಯವರು ಮುಖ ಸಣ್ಣದು ಮಾಡಿಕೊಂಡು, "ಇರಲಿ ಬಿಡವ್ವ, ಮುಂದಿಂದು ಕೂಡಸು" ಎಂದರು.

"ಕೂಡೂದಿಲ್ರಿ" ಎಂದಳು ನಾಗವೇಣಿ. "ಒಂದು ಕಳದೈತಿ."

ಸಾಹೇಬರು ಎದ್ದು ಹತ್ತಿರ ಬಂದರು. "ಮೊದಲಿಂದನೂ ಇಷ್ಟೇ ಇದ್ದಿರಬಹುದು. ಕಳದೈತಿ ಅಂತ ಹೆಂಗ ಹೇಳ್ತಿ?"

"ಈ ಮಣಿ ನೋಡ್ರಿ, ಗುಳಿ ಇಷ್ಟು ಅಗಲ ಐತಿ. ಮುಂದಿಂದರ ಉಬ್ಬು ಭಾಳ ಸಣ್ಣದು. ಹಿಂದ ಎಲ್ಲಾ ಸ್ವಲ್ಪ ಸ್ವಲ್ಪ ಸಣ್ಣ ಆಕ್ಕೋಂತ ಬಂದಾವ್ರಿ, ಇಲ್ಲಿ ಒಮ್ಮೆಲೆ ಸಣ್ಣ ಆಗೇತಿ. ನಡುವ ಇರಬೇಕ್ರಿ ಒಂದು. ಇದಕಿಂತ ಸಣ್ಣದು, ಇದಕಿಂತ ದೊಡ್ಡದು."

ಸಾಹೇಬರು ಬಗ್ಗಿ ಎರಡೂ ಮಣಿಗಳನ್ನು ತಾವೇ ಕೈಗೆ ತೆಗೆದುಕೊಂಡರು. ಹೊರಗೆ ಡ್ರೈವರ್ ಹಾರ್ನ್ ಹೊಡೆದ. ಅವರು ಗಡಿಯಾರ ನೋಡಿಕೊಂಡು, "ಚೊಲೊ ಹೇಳ್ದಿ. ಅದು ಸಿಕ್ಕ ಮ್ಯಾಲೆ ಇನ್ನೊಮ್ಮೆ ಬರ್ತೀನಿ" ಎಂದು ಚಪ್ಪಲಿಯ ಕಡೆ ತಿರುಗಿದರು.

ಇನ್ನೊಮ್ಮೆ ಎಂದರೆ ಯಾವಾಗ ಎಂದು ಅಲ್ಲಿದ್ದವರಿಗೆಲ್ಲ ಗೊತ್ತಿತ್ತು. ರುಕ್ಮವ್ವ ದಿಗ್ಗನೆ ಎದ್ದಳು. ದಾರಿಯಲ್ಲಿ ಏನಾದರೂ ಮುರಿದರೆ ಹಚ್ಚಲೆಂದು ಒದ್ದೆ ಬಟ್ಟೆಯಲ್ಲಿ ಒಂದು ಮುದ್ದೆ ಕಿಟ್ಟ ತಂದಿದ್ದಳು. ಕಿಟ್ಟ ಅಂದರೆ ಗೋಣಿನಾರು, ಕಟ್ಟಿಗೆ ಪುಡಿ, ಹುಣಸೆ ಅಂಟು ಕೂಡಿಸಿ ನಾದಿದ ಹಿಟ್ಟು. ಅದನ್ನು ತಾನೇ ಬೇಗಬೇಗನೆ ಮೂಳೆ ಮಾಡಿಬಿಡಬಹುದಿತ್ತು. ಅವಳ ಬೆರಳು ಆಗಲೇ ಅದನ್ನು ಒತ್ತತೊಡಗಿತ್ತು. ಆಮೇಲೆ ನಿಲ್ಲಿಸಿದಳು. ಮುದ್ದೆಯನ್ನು ನಾಗವೇಣಿಯ ಅಂಗೈಯಲ್ಲಿಟ್ಟಳು.

"ನೀನ ಮಾಡು."

"ನಾ ಹೆಂಗ್ರಿ ಅಕ್ಕ?"

"ಮಗ್ಗಲಿನ ಎರಡೂ ನಿನ್ನ ಕೈಯಾಗ ಅದಾವಲ್ಲ. ಅವನ್ನ ಕೇಳು." ಆಮೇಲೆ ಸಾಹೇಬರ ಕಡೆ ತಿರುಗಿ, ತಲೆ ಮೇಲಿನ ಸೆರಗು ಸರಿಮಾಡಿಕೊಂಡು, "ಒಂದೀಟು ಕುಂದರ್ರಿ ಸಾಹೇಬ್ರ. ಕೂಸು ಕೆಲಸ ಮಾಡಾಕತ್ತೈತಿ" ಎಂದಳು.

ಆ ದನಿಗೆ ಸಾಹೇಬರು ಕೂತರು.

ನಾಗವೇಣಿ ಹಿಂದಿನ ಮಣಿಯ ಗುಳಿಯಲ್ಲಿ ಹೆಬ್ಬೆರಳು ಆಡಿಸಿದಳು, ಮುಂದಿನದರ ಉಬ್ಬನ್ನು ಮುಷ್ಟಿಯಲ್ಲಿ ಹಿಡಿದಳು. ಹಿಟ್ಟು ಉಂಡೆ ಮಾಡಿದಳು, ಒತ್ತಿದಳು, ದಪ್ಪವಾಯಿತೆಂದು ಚಿವುಟಿ ತೆಗೆದಳು. ಒಮ್ಮೆ ಸೀಳಿತು, ಮತ್ತೆ ನಾದಿದಳು. ಹೊರಗೆ ಹಾರ್ನ್ ಇನ್ನೊಮ್ಮೆ ಕೇಳಿತು. ಅವಳು ತಲೆ ಎತ್ತಲಿಲ್ಲ. ಪಕ್ಕಕ್ಕೆ ಚಾಚುವ ಎರಡು ರೆಕ್ಕೆಯಂಥ ಚೂಪುಗಳನ್ನೂ ಮರೆಯದೆ ಎಳೆದು ತೀಡಿದಳು. ಆಮೇಲೆ ಆ ಹಸಿ ಮೂಳೆಯನ್ನು ಸಾಲಿನ ನಡುವೆ ಇಳಿಸಿ, ಎರಡೂ ಕಡೆಯಿಂದ ಮೆಲ್ಲಗೆ ತಳ್ಳಿದಳು.

ಕೂಡಿತು.

ಬಾಲದ ತುದಿಯಿಂದ ಕುತ್ತಿಗೆಯ ಕೊನೆಯವರೆಗೆ ಅವಳು ಒಮ್ಮೆ ಕೈ ಎಳೆದಳು. ಎಲ್ಲೂ ತಡೆಯಲಿಲ್ಲ. "ತಲಿ ಇಲ್ಲಲ್ಲ?" ಎಂದು ಸಾಹೇಬರು ಕೇಳಿದರು, ಈಗ ತಗ್ಗಿದ ದನಿಯಲ್ಲಿ.

"ತಲಿ ಇನ್ನೂ ಯಾರಿಗೂ ಸಿಕ್ಕಿಲ್ರಿ. ಹುಡಕಬೇಕು."

ಅಂದೇ ಎಲ್ಲವೂ ಆಗಿಬಿಡಲಿಲ್ಲ. ಸಾಹೇಬರು ಬರೆಯುತ್ತೇನೆ ಎಂದರು, ಬರೆದರು. ಮೇಲಿನವರು ಈ ವರ್ಷ ಆಗದು ಎಂದರು. ಕುಲಕರ್ಣಿ ಬಾಯಿ, ಯಾವ ಕಚೇರಿಯ ಮೆಟ್ಟಿಲನ್ನೂ ಜೋರಾಗಿ ತುಳಿಯದ ಹೆಂಗಸು, ನದಾಫ ಮೇಷ್ಟ್ರನ್ನು ಜೊತೆಗೆ ಕರೆದುಕೊಂಡು ಮತ್ತೆ ಮತ್ತೆ ಹೋದರು. ಒಣಗಿದ ಆ ಕಿಟ್ಟದ ಮೂಳೆ ಅವರ ಪರ್ಸಿನಲ್ಲಿರುತ್ತಿತ್ತು. ಯಾರಾದರೂ ಆಗದು ಎಂದರೆ ಅದನ್ನು ತೆಗೆದು ಮೇಜಿನ ಮೇಲೆ ಇಡುತ್ತಿದ್ದರು. ಜೂನ್ ತಿಂಗಳಲ್ಲಿ ಒಪ್ಪಿಗೆ ಸಿಕ್ಕಿತು. ನಾಗವೇಣಿ ಮತ್ತು ಅವಳ ಜೊತೆಯವರು ಎಂಟನೆಯ ತರಗತಿಗೆ ವಿಜ್ಞಾನ ತೆಗೆದುಕೊಂಡು ಕೂತರು. ಪರೀಕ್ಷೆಯಲ್ಲಿ ಇಬ್ಬರು ಫೇಲೂ ಆದರು. "ಎಲ್ಲಾ ಮಕ್ಕಳಂಗ ಫೇಲ್ ಆಗ್ಯಾವ ಬಿಡ್ರಿ" ಎಂದು ರುಕ್ಮವ್ವ ನಕ್ಕಳು. ಮುಂದಿನ ಸಲ ಅವರೂ ಪಾಸಾದರು.

ಈಗ ಕಿನ್ನಾಳದ ಆ ಮನೆಯಲ್ಲಿ ದೇವರುಗಳ ಪಕ್ಕ ಹೃದಯ, ಕಿವಿ, ಜ್ವಾಲಾಮುಖಿ, ಕಪ್ಪೆಯ ಹೊಟ್ಟೆ ಎಲ್ಲ ಒಣಗುತ್ತಿರುತ್ತವೆ. ಬೇರೆ ಊರಿನ ಶಾಲೆಗಳೂ ಕೇಳಿ ಬರುತ್ತವೆ. ಕಿಷ್ಟಪ್ಪನ ಕೈ ನಡುಗತೊಡಗಿದೆ. ಸೊಸೆ ಕೆತ್ತಿದ್ದನ್ನು ಬೆರಳ ಮೇಲೆ ತೂಗಿ ನೋಡುವ ಕೆಲಸ ಮಾತ್ರ ಅವನು ಬಿಟ್ಟಿಲ್ಲ. ನಾಗವೇಣಿ ಧಾರವಾಡದಲ್ಲಿ ಕಾಲೇಜು ಓದುತ್ತಿದ್ದಾಳೆ. ಫೋನ್ ಮಾಡಿದಾಗಲೆಲ್ಲ ರುಕ್ಮವ್ವನ ಹತ್ತಿರ ಹೊಸದೇನಾದರೂ ಕೇಳುತ್ತಾಳೆ.

ನಾನು ಮುದಿಯಾದೆ. ಬೆನ್ನು ಬಿಟ್ಟಿದೆ, ಮೂಲೆ ಇಲಿಯ ಪಾಲಾಗಿದೆ. ಹಳೆಯ ಪೇಪರಿನವನಿಗೆ ಹೋಗುವ ಸ್ಥಿತಿಯಲ್ಲೇ ಇದ್ದೆ. ಆದರೆ ಒಂದು ಮಳೆಗಾಲ, ಕೆಲಸ ಕಡಿಮೆಯಿದ್ದಾಗ, ರುಕ್ಮವ್ವ ನನ್ನನ್ನು ತೊಡೆಯ ಮೇಲಿಟ್ಟುಕೊಂಡು ಕುಂಚ ಹಿಡಿದಳು. ನನ್ನ ಪ್ರತಿ ಚಿತ್ರದ ಅಂಚಿನ ಮೇಲೆ ಕಲ್ಲುಪುಡಿಯ ಲೇಪದಿಂದ ಉಬ್ಬುಗೆರೆ ಎಳೆದಳು. ಕೊಂಬಿಗೆ ಚೂಪು, ಚರ್ಮಕ್ಕೆ ಹನಿ, ಮೊಟ್ಟೆಗೆ ದುಂಡು. ಗೆರೆ ಒಣಗಿ ಗಟ್ಟಿಯಾದ ಮೇಲೆ ಪುಟಗಳು ಒಂದರ ಮೇಲೊಂದು ಕೂರಲೇ ಇಲ್ಲ. ಹೊಲಿಗೆ ಪೂರ್ತಿ ಕಿತ್ತುಹೋಯಿತು. ಈಗ ನನ್ನನ್ನು ಮುಚ್ಚಲು ಬರುವುದಿಲ್ಲ.

ಶಾಲೆಯ ಪಡಸಾಲೆಯಲ್ಲಿ ಒಂದು ಅಗಲ ಮೇಜು ಹಾಕಿ ನನ್ನ ಹಾಳೆಗಳನ್ನು ಹರಡಿದ್ದಾರೆ. ಕಪಾಟಿನಲ್ಲಿ ನೆಟ್ಟಗೆ ನಿಂತು, ಮುಖಪುಟ ತೋರಿಸಿಕೊಂಡು ಮುಪ್ಪಾಗುವ ಪುಸ್ತಕಗಳ ಬಗ್ಗೆ ನನಗೆ ಹೊಟ್ಟೆಕಿಚ್ಚಿಲ್ಲ. ನನ್ನ ಬಣ್ಣವೆಲ್ಲ ಮಾಸಿದೆ, ಅದರಿಂದ ಇಲ್ಲಿ ಯಾರಿಗೂ ನಷ್ಟವಾಗಿಲ್ಲ. ಬೆಳಗಿನ ಪ್ರಾರ್ಥನೆ ಮುಗಿದೊಡನೆ ಸಣ್ಣ ಮಕ್ಕಳು ಓಡಿಬರುತ್ತಾರೆ. ಮೊನ್ನೆ ಹೊಸದಾಗಿ ಸೇರಿದ ಒಂದು ಕೂಸು ದೊಡ್ಡಕಾಲಪ್ಪನ ಪಾದದಿಂದ ಹೊರಟು, ಕುತ್ತಿಗೆಯುದ್ದಕ್ಕೂ ಬೆರಳು ನಡೆಸಿ, ಹಾಳೆಯ ಅಂಚಿನ ಹತ್ತಿರ ಬಂದು ನಿಂತಿತು. ಗೆರೆ ಅಲ್ಲಿಗೇ ಮುಗಿದಿತ್ತು. ಚಿತ್ರದಲ್ಲಿ ತಲೆಯೇನೋ ಇದೆ, ರುಕ್ಮವ್ವ ಮಾತ್ರ ಅದನ್ನು ಉಬ್ಬಿಸಿ ಬರೆದಿರಲಿಲ್ಲ.

"ಇದರ ತಲಿ ಎಲ್ಲೈತ್ರಿ?" ಎಂದಿತು ಕೂಸು.

ಅಲ್ಲಿ ದೊಡ್ಡವರು ಯಾರೂ ಇರಲಿಲ್ಲ. ಕೂಸು ಉತ್ತರಕ್ಕೆ ಕಾಯಲೂ ಇಲ್ಲ. ಪಕ್ಕದ ಹಾಳೆಗೆ ಕೈ ಚಾಚಿ ಹುಡುಕತೊಡಗಿತು.